ಗೆಜ್ಜೆ ಹೋದದ್ದು ಯಾರ ಕಾಲಿಗೆ

ತೀರಿಕೊಂಡ ತಂದೆಯ ಕಾಲಿನ ಎರಡೂ ಹೆಬ್ಬೆರಳು ಜೋಡಿಸಿ ದಾರ ಸುತ್ತುತ್ತಿದ್ದ ಮಾರೇಶ, ಫೋನನ್ನು ಕಿವಿಗೂ ಹೆಗಲಿಗೂ ನಡುವೆ ಸಿಕ್ಕಿಸಿಕೊಂಡೇ ತಾಯಿ ಹಂಪಕ್ಕನತ್ತ ತಿರುಗಿದ. "ಯವ್ವಾ, ಶ್ರದ್ಧಾಂಜಲಿ ಫ್ಲೆಕ್ಸಿನವ ಕೇಳಾಕತ್ತಾನ. ಅಪ್ಪನ ಹೆಸರಿನ ಕೆಳಗ ಏನಂತ ಹಾಕ್ಬೇಕು?"

"ಲೈಟ್‌ಮ್ಯಾನ್ ಅಂತ ಹಾಕ್ಸು," ಎಂದ ಹಚ್ಚೊಳ್ಳಿಯಿಂದ ಬಂದಿದ್ದ ಅವಳ ಮೈದುನ ಜಡೆಪ್ಪ. "ಕುರುಗೋಡು ಗುಡ್ಡದಾಗ ಶೂಟಿಂಗ್ ಆದಾಗ ನಾನ ನೋಡೀನಿ."

"ಮೇಕಪ್ ಅಂದಿದ್ರಲ್ಲ?" ಎಂದಳು ಪಕ್ಕದ ಮನೆಯಾಕೆ. ಇನ್ಯಾರೋ ಎಡಿಟಿಂಗ್ ಎಂದರು.

ನಲವತ್ತು ವರ್ಷ ಬಾಳಿದ ಗಂಡ ಸಿನಿಮಾದಲ್ಲಿ ಏನು ಮಾಡುತ್ತಿದ್ದನೆಂಬುದು ಹಂಪಕ್ಕನಿಗೂ ಸರಿಯಾಗಿ ಗೊತ್ತಿರಲಿಲ್ಲ. ಗೊತ್ತಾಗಲೇಬೇಕಿದ್ದ ಸಂಗತಿ ಒಂದೇ ಇತ್ತು, ಅದನ್ನೂ ಹೇಳದೆ ಪುಣ್ಯಾತ್ಮ ಹೊರಟುಬಿಟ್ಟಿದ್ದ.

*

ಮದುವೆಯಾದ ಮೂರನೇ ವರ್ಷ ಗಂಡ ಮಾರೆಣ್ಣ ಅವಳ ತವರಿನ ಬೆಳ್ಳಿ ಗೆಜ್ಜೆ ಕೇಳಿ ಒಯ್ದಿದ್ದ. "ಹೀರೋಯಿನ್‌ಗೆ ಬೇಕಾಗ್ಯಾವ. ಎಂಟ ದಿನ."

ಎಂಟು ದಿನ ಮೂವತ್ತೇಳು ವರ್ಷವಾಯಿತು. "ಯಾವಾಕಿ ಕಾಲಾಗ ಅದಾವ ನನ್ನ ಗೆಜ್ಜಿ?" ಎಂದಾಗಲೆಲ್ಲ ಅವನು ಮುಖ ತಿರುಗಿಸಿ ನಗುತ್ತಿದ್ದ. ಆ ನಗುವೇ ಅವಳ ಹೊಟ್ಟೆ ಉರಿಸುತ್ತಿತ್ತು. ಬಳ್ಳಾರಿಯ ಯಾವ ಟಾಕೀಸಿಗೆ ಹೋದರೂ ಅವಳ ಕಣ್ಣು ನಾಯಕಿಯ ಮುಖಕ್ಕಿಂತ ಮೊದಲು ಪಾದಕ್ಕೇ ಹೋಗುತ್ತಿತ್ತು.

*

ಹೆಣ ಎತ್ತುವ ಹೊತ್ತಿಗೆ ಸಿರುಗುಪ್ಪದಿಂದ ಶಕೀಲ್ ಬಂದ. ಮದ್ರಾಸಿನ ಸ್ಟುಡಿಯೋದಲ್ಲಿ ಮಾರೆಣ್ಣನ ಜೊತೆ ಶಬ್ದ ಮುದ್ರಿಸುತ್ತಿದ್ದವನು. ಕರ್ಚೀಫಿನ ಗಂಟು ಬಿಚ್ಚಿ ಹಂಪಕ್ಕನ ಮುಂದಿಟ್ಟ. ಅವಳದೇ ಗೆಜ್ಜೆ, ಕಪ್ಪಗಾಗಿತ್ತು. ಕೊಂಡಿಗೆ ತಂತಿ ಸೇರಿಸಿ ಉದ್ದ ಮಾಡಿದ್ದರು.

"ಯಾವಾಕಿ ಹಾಕ್ಕೊಂಡಿದ್ಲು? ಖರೇ ಹೇಳಪ್ಪ."

ಶಕೀಲ್ ತಬ್ಬಿಬ್ಬಾದ. "ಯಾವಾಕಿನೂ ಅಲ್ಲ ಅಕ್ಕಾ, ಅಣ್ಣನ ಹಾಕ್ಕೊಂತಿದ್ದ! ಲೈಟು, ಮೇಕಪ್ಪು, ಎಡಿಟಿಂಗ್ ಎಲ್ಲಾ ಮಾಡ್ಯಾನ. ಆದ್ರ ಪರದಿ ಮ್ಯಾಲೆ ಹೀರೋಯಿನ್ ನಡದ್ರ, ಆ ಗೆಜ್ಜಿ ಸಪ್ಪಳಕ್ಕ ಮೈಕಿನ ಮುಂದ ಲುಂಗಿ ಎತ್ತಿ ಕಟ್ಟಿ ನಡೀತಿದ್ದವ ಇವನ. ಎಲ್ಲಾ ಪಿಚ್ಚರಿಗೂ ಇವೇ ಗೆಜ್ಜಿ ಬೇಕಂತಿದ್ದ. ಮನ್ಯಾಗ ಹೇಳಬ್ಯಾಡಲೇ, ಮಾನ ಹೋಗ್ತೈತಿ ಅಂತಿದ್ದ."

ಸಾವಿನ ಮನೆಯೆಂಬುದನ್ನೂ ಮರೆತು ಹಂಪಕ್ಕ ನಕ್ಕಳು. ನಗುನಗುತ್ತಲೇ ಬಿಕ್ಕಿ ಬಿಕ್ಕಿ ಅತ್ತಳು. ಆಮೇಲೆ ಮೂಗೊರೆಸಿಕೊಂಡು, ದಾರ ಕಟ್ಟಿದ್ದ ಆ ಕಾಲುಗಳ ಬಳಿ ಕೂತು ಒಂದೊಂದಾಗಿ ಗೆಜ್ಜೆ ತೊಡಿಸಿದಳು. ತಂತಿ ಅವನ ಅಳತೆಗೆ ಸರಿಯಾಗಿತ್ತು.

"ಬೆಳ್ಳಿ ಮಣ್ಣಾಗ ಹಾಕ್ತಾರೇನು ಅತ್ತಿಗಿ?" ಜಡೆಪ್ಪ ಗೊಣಗಿದ.

"ನಾ ಹಾಕ್ತೀನಿ. ಸುಮ್ನ ಎತ್ರಿ."

ನಾಲ್ವರು ಚಟ್ಟಕ್ಕೆ ಹೆಗಲು ಕೊಟ್ಟರು. ಓಣಿಯಲ್ಲಿ ಮುಂದೆ ಸಾಗಿದ್ದ ಜನ ಗೆಜ್ಜೆಯ ಸಪ್ಪಳ ಕೇಳಿ, ಯಾವ ಹೆಣ್ಣುಮಗಳು ಹಿಂದೆ ನಡೆದು ಬರುತ್ತಿದ್ದಾಳೆಂದು ಹೊರಳಿ ಹೊರಳಿ ನೋಡಿದರು.