ಒಂಬತ್ತರ ಕಂಬ

ಕೌಂಟಿ ಪೊಲೀಸರ ಮುಖ್ಯಸ್ಥ, ಶೆರಿಫ್ ಲೋವೆಲ್ ಪ್ರುವಿಟ್ ಎರಡೂ ಹಾಳೆಗಳನ್ನು ಮೇಜಿನ ಮೇಲೆ ಬಿಸಾಡಿದ.

“ಊರ ಸಭೇಲಿ ಜನರಿಗೆ ತೋರಿಸೋಕೆ ಒಂದು ಚಿತ್ರ ಬರಿ ಅಂದ್ರೆ, ನನ್ನ ಮುಖಕ್ಕೆ ಮಸಿ ಬಳಿಯೋಕೆ ಕೂತಿದ್ದೀಯಲ್ಲಮ್ಮ ನೀನು!”

“ಇದ್ದಿದ್ದನ್ನ ಬರ್ದಿದ್ದೀನಿ, ಶೆರಿಫ್,” ಎಂದಳು ನೊಯೆಮಿ ಬಾರಿಯೆಂಟೋಸ್. ಆ ಕಚೇರಿಯ ಅಂಕಿಅಂಶವೆಲ್ಲ ಅವಳ ಕೆಲಸ.

ಮೊದಲ ಹಾಳೆಯಲ್ಲಿದ್ದದ್ದು ಹಿಸ್ಟೋಗ್ರಾಮ್. ಆ ವರ್ಷ ವೇಗದ ಮಿತಿ ಮೀರಿದವರಿಗೆ ಕೊಟ್ಟ ಚೀಟಿಗಳೆಲ್ಲ ಅದರಲ್ಲಿದ್ದವು. ಮಿತಿಗಿಂತ ಗಂಟೆಗೆ ಎಷ್ಟು ಮೈಲಿ ಹೆಚ್ಚು ಎಂಬುದು ಅಡಿಯಲ್ಲಿ, ಚೀಟಿಗಳೆಷ್ಟು ಎಂಬುದು ಎತ್ತರದಲ್ಲಿ. ಒಂದೊಂದು ಮೈಲಿಗೂ ಒಂದೊಂದು ಕಂಬ, ನಡುವೆ ಸಂದಿಲ್ಲ. ಜನ ಕಾರು ಓಡಿಸುವ ಪರಿಗೆ ಅದು ದಿಬ್ಬದ ಹಾಗೆ ಏರಿ ಇಳಿಯಬೇಕು. ಇಲ್ಲಿ ಒಂಬತ್ತರ ಕಂಬವೊಂದೇ ಊರಿನ ನೀರಿನ ಟ್ಯಾಂಕಿನಂತೆ ಎದ್ದು ನಿಂತು, ಪಕ್ಕದ ಹತ್ತರಲ್ಲಿ ಹಳ್ಳ ಬಿದ್ದಿತ್ತು.

ಯಾಕೆಂದು ಆ ಕೌಂಟಿಯಲ್ಲಿ ಎಲ್ಲರಿಗೂ ಗೊತ್ತು. ಒಂಬತ್ತರವರೆಗೆ ದಂಡ ಕಟ್ಟಿ ಕೈ ತೊಳೆದುಕೊಳ್ಳಬಹುದು. ಹತ್ತಾದರೆ ಲೈಸೆನ್ಸಿನ ಮೇಲೆ ಕಪ್ಪು ಚುಕ್ಕೆ ಬೀಳುತ್ತದೆ, ಚುಕ್ಕೆ ಹೆಚ್ಚಾದರೆ ಲೈಸೆನ್ಸೇ ಹೋಗುತ್ತದೆ. ಅದಕ್ಕೇ ಮಿತಿಗಿಂತ ಹದಿನೈದು ಹೆಚ್ಚು ವೇಗದಲ್ಲಿ ಹಾರಿಹೋದವನಿಗೂ ಪೊಲೀಸರು “ಹೋಗ್ಲಿ ಪಾಪ” ಎಂದು ಒಂಬತ್ತು ಬರೆಯುತ್ತಿದ್ದರು. ಅದಕ್ಕೆ ಅವರು ಇಟ್ಟ ಹೆಸರು ದಯೆ. ದಯೆಯಂತೆ, ದಯೆ!

ಶೆರಿಫನಿಗೆ ಉರಿ ಹತ್ತಿಸಿದ್ದು ಎರಡನೆಯ ಹಾಳೆ. ನೊಯೆಮಿ ಚೀಟಿಗಳನ್ನು ಎರಡು ಪಾಲು ಮಾಡಿದ್ದಳು. ಕಾಲುವೆಯ ಈಚೆ ಗಾಲ್ಫ್ ಮೈದಾನದ ಸುತ್ತ ಮನೆ ಕಟ್ಟಿಕೊಂಡವರದು ಒಂದು, ಕಾಲುವೆಯ ಆಚೆ ಕಿತ್ತಳೆ ತೋಟಗಳಲ್ಲಿ ದುಡಿಯುವ ತನ್ನ ಜನರದು ಇನ್ನೊಂದು. ಕಂಬದ ಮೇಲೆ ಕಂಬ ಬರೆದರೆ ಒಂದು ಇನ್ನೊಂದನ್ನು ಮುಚ್ಚಿಬಿಡುತ್ತದೆ. ಹಾಗಾಗಿ ಚೀಟಿಗಳನ್ನು ನೂರಕ್ಕೆ ಎಷ್ಟೆಂದು ಲೆಕ್ಕಹಾಕಿ, ಪ್ರತಿ ಕಂಬದ ನೆತ್ತಿಯ ನಡುವೆ ಚುಕ್ಕೆಯಿಟ್ಟು, ಚುಕ್ಕೆಗಳನ್ನು ಗೆರೆಯಿಂದ ಸೇರಿಸಿದ್ದಳು. ಒಂದೇ ಹಾಳೆಯಲ್ಲಿ ಎರಡು ಆವೃತ್ತಿ ಬಹುಭುಜಗಳು. ಈಚೆಯವರ ಗೆರೆ ಒಂಬತ್ತರಲ್ಲಿ ನೆಟ್ಟಗೆ ಮೇಲೆ ಹಾರಿ ಹತ್ತರಲ್ಲಿ ದೊಪ್ಪನೆ ಬಿದ್ದಿತ್ತು. ಆಚೆಯವರ ಗೆರೆ ಒಂಬತ್ತರಲ್ಲಿ ಒಂದಿಷ್ಟೇ ತಲೆಯೆತ್ತಿ, ಹತ್ತು ಹನ್ನೊಂದು ದಾಟಿಕೊಂಡು ಮೆಲ್ಲಗೆ ಇಳಿದಿತ್ತು. ಅಂದರೆ ಆ ದಯೆ ಹೆಚ್ಚಾಗಿ ಸಿಗುತ್ತಿದ್ದುದು ಈಚೆಯವರಿಗೇ.

ಆ ಆಚೆಯವರಲ್ಲಿ ಅವಳ ಅಪ್ಪ ಎಲಿಸೆಯೊನೂ ಒಬ್ಬ. ಶಾಲೆಯ ಬಸ್ಸು ಓಡಿಸುವವನು. ಭಾನುವಾರ ತನ್ನ ಪಿಕಪ್ಪಿನಲ್ಲಿ ಹೋಗುವಾಗ ವೇಡ್ ಟ್ಯಾಕೆಟ್ ಎಂಬ ಪೊಲೀಸು ತಡೆದು ಹತ್ತು ಬರೆದಿದ್ದ. ಚುಕ್ಕೆ ಬಿದ್ದವನ ಕೈಗೆ ಮಕ್ಕಳ ಬಸ್ಸು ಕೊಡುವುದಿಲ್ಲ. ಅಪ್ಪ ನ್ಯಾಯಾಲಯಕ್ಕೆ ಹೋಗಿದ್ದ. ಆ ಹತ್ತು ಒಂಬತ್ತಾದರೆ ಬಸ್ಸು ಉಳಿಯುತ್ತಿತ್ತು, ಇಲ್ಲವಾದರೆ ಇಲ್ಲ.

ಬಾಗಿಲಿಗೆ ಒರಗಿ ಸೂರ್ಯಕಾಂತಿ ಬೀಜ ಜಗಿಯುತ್ತಿದ್ದ ವೇಡ್ ಹಲ್ಲು ಕಿರಿದ. “ನಿಮ್ಮಪ್ಪ ಹತ್ತರಲ್ಲಿ ಹೋದ, ನಾನು ಹತ್ತು ಬರ್ದೆ. ವೇಗ ಅಳೆಯೋ ಯಂತ್ರ ಹೇಳಿದ್ದೇ ಬರ್ದಿದ್ದು. ಅದ್ರಲ್ಲಿ ಸುಳ್ಳೆಲ್ಲಿದೆ, ತೋರ್ಸು.”

“ಅದ್ರಲ್ಲಿಲ್ಲ. ಮಿಕ್ಕವ್ರಿಗೆಲ್ಲ ಬರ್ದಿದ್ದೀಯಲ್ಲ, ಅದ್ರಲ್ಲಿದೆ.”

“ನಗ್ತಾ ನಾಲ್ಕು ಮಾತಾಡಿದ್ರೆ ಅವನಿಗೂ ಒಂಬತ್ತೇ ಬರೀತಿದ್ನೇನೋ. ಮುಖ ಗಂಟು ಹಾಕ್ಕೊಂಡು ಕೂತಿದ್ದ ಮುದ್ಕ.”

“ಮುದ್ಕ ಗಿದ್ಕ ಅಂದ್ರೆ ಸರಿಯಿರಲ್ಲ, ವೇಡ್.”

“ಸಾಕು ನಿಲ್ಸಿ!” ಶೆರಿಫ್ ಮೇಜು ಗುದ್ದಿದ. “ಐದೈದು ಮೈಲಿಗೆ ಒಂದು ಕಂಬ ಬರಿ. ಐದರಿಂದ ಒಂಬತ್ತು ಒಂದು, ಹತ್ತರಿಂದ ಹದಿನಾಲ್ಕು ಒಂದು. ಗೆರೆಗಿರೆ ಏನೂ ಬೇಡ.”

ಅವನು ದಡ್ಡನಲ್ಲ. ಕಂಬ ಅಗಲವಾದರೆ ಒಂಬತ್ತು ಅಕ್ಕಪಕ್ಕದವರ ನಡುವೆ ಅಡಗಿಕೊಳ್ಳುತ್ತದೆ, ದಿಬ್ಬ ಸಾಧುವಾಗಿ ಕಾಣುತ್ತದೆ. ನೊಯೆಮಿ ಹಾಳೆಗಳನ್ನು ಎತ್ತಿಕೊಂಡಳು. ಒಪ್ಪಿದವಳಂತೆ ತಲೆಯಾಡಿಸಿ ಹೊರಬಂದಳು. ಆದರೆ ಸಭೆಯಲ್ಲಿ ತನ್ನ ಎರಡು ಹಾಳೆಗಳನ್ನೇ ತೆರೆಗೆ ಹಾಕಿದಳು.

ಸಭಾಂಗಣ ಹೊತ್ತಿಕೊಂಡಿತು. ಆಚೆಯವರು ಎದ್ದು ಕೂಗಿದರು. ಮುಂದಿನ ಸಾಲಿನಿಂದ ಮುತ್ತಿನ ಸರದ ಹೆಂಗಸೊಬ್ಬಳು ಬೆರಳು ತೋರಿಸಿದಳು. “ನಮ್ಮನ್ನ ಬಿಟ್ಟಿದ್ದು ತಪ್ಪಾ? ಇವಳ್ಯಾವಳು ಕೇಳೋಕೆ? ಇವಳಪ್ಪನ ಕೇಸಿಗೋಸ್ಕರ ಊರೋರ ಮೇಲೆಲ್ಲ ಗೂಬೆ ಕೂರಿಸ್ತಾಳೆ!”

ಶೆರಿಫ್ ಮೆಲ್ಲಗೆ ಎದ್ದ. ಅವನು ನಗುತ್ತಿದ್ದ.

“ಸರಿ. ನಾಳೆಯಿಂದ ಯಾರ್ನೂ ಬಿಡಲ್ಲ. ಯಂತ್ರ ಎಷ್ಟು ಹೇಳುತ್ತೋ ಅಷ್ಟೇ, ಎಲ್ರಿಗೂ. ತೃಪ್ತಿ ಆಯ್ತೇನಮ್ಮ?”

ಅಪ್ಪನ ಕೇಸಿನ ದಿನ ನ್ಯಾಯಾಧೀಶರೂ ಚಿತ್ರವನ್ನು ಬಹಳ ಹೊತ್ತು ನೋಡಿದರು. ಬೇರೆಯವರಿಗೆ ಸುಳ್ಳು ಬರೆದದ್ದು ಪೊಲೀಸರ ತಪ್ಪು, ಆದರೆ ಈ ಚೀಟಿಯಲ್ಲಿರುವುದು ನಿಜ, ನಿಜವನ್ನು ನಾನು ಅಳಿಸಲಾರೆ ಎಂದರು. ಎಲಿಸೆಯೊ ಬಸ್ಸಿನ ಬೀಗದ ಕೈ ಒಪ್ಪಿಸಿ ಬಂದ.

ಶೆರಿಫ್ ಮಾತಿಗೆ ತಪ್ಪಲಿಲ್ಲ, ಪಾಪಿ. ಕಾಲುವೆಯ ಎರಡೂ ಕಡೆ ಕಪ್ಪು ಚುಕ್ಕೆಗಳ ಸುಗ್ಗಿಯಾಯಿತು. ಈಚೆಯವರು ನೊಯೆಮಿಯ ಕಾರಿಗೆ ಮೊಳೆಯಿಂದ ಗೀರಿದರು. ಆಚೆಯ ಬೇಕರಿಯ ಡೆಲ್ಫಿನಾ ಕಾಫಿಯನ್ನು ಅವಳ ಮುಂದೆ ಕುಕ್ಕಿ ಹೇಳಿದಳು: “ನನ್ನ ಮಗನಿಗೆ ಹೋದ್ವರ್ಷ ಒಂಬತ್ತು ಬರ್ದು ಬಿಟ್ಟಿದ್ರು ಕಣೇ. ಈ ಸಲ ಹದಿಮೂರು ಬರ್ದು ಲೈಸೆನ್ಸೇ ಕಿತ್ಕೊಂಡ್ರು. ನಿನ್ನ ಗೆರೆ ನೆಟ್ಟಗಾಯ್ತಲ್ಲ, ಹೋಗು.”

ನೊಯೆಮಿ ಹಟಕ್ಕೆ ಬಿದ್ದು ಹೊಸ ಚೀಟಿಗಳ ಚಿತ್ರ ಬರೆದಳು. ಒಂಬತ್ತರ ಕಂಬ ಮಾಯವಾಗಿತ್ತು. ಎರಡು ಬಹುಭುಜಗಳು ಒಂದರ ಮೇಲೊಂದು ಮಲಗಿದ್ದವು, ಯಾವುದು ಯಾರದೆಂದು ಅವಳಿಗೇ ತಿಳಿಯದಷ್ಟು. ತಾನು ಗೆದ್ದಿದ್ದೇನೆಂದು ಯಾರಾದರೂ ಒಬ್ಬರು ಹೇಳಲಿ ಎಂಬ ಆಸೆಯಿಂದ ಹಾಳೆಯನ್ನು ಅಪ್ಪನ ಬಳಿ ಒಯ್ದಳು.

ಎಲಿಸೆಯೊ ಮನೆಯ ಮೆಟ್ಟಿಲ ಮೇಲೆ ಕೂತಿದ್ದ. ಹಳದಿ ಬಸ್ಸನ್ನು ಬೇರೆ ಯಾರೋ ಓಡಿಸಿಕೊಂಡು ಹೋದರು. ಅವನು ತಲೆಯೆತ್ತಲಿಲ್ಲ.

“ನೋಡಪ್ಪಾ, ಈಗ ಎಲ್ಲರಿಗೂ ಒಂದೇ.”

ಅವನು ಹಾಳೆಯನ್ನು ಮುಟ್ಟದೆ ನೋಡಿದ.

“ಅವ್ರಿಗೂ ಹತ್ತು ಬರೀಲಿ ಅಂತ ನಾನ್ಯಾವಾಗ ಕೇಳ್ದೆ? ನಂಗೂ ಒಂಬತ್ತು ಬರೀಲಿ ಅಂದಿದ್ದೆ, ಅಷ್ಟೇ.”