ಉಳ್ಳಾಲಕ್ಕೆ ಮರಳಿದ ತೊಲೆ

ಹಡಗು ಒಡೆದರೂ ಅದರ ಮರಕ್ಕೆ ಆಯುಸ್ಸು ಮುಗಿಯುವುದಿಲ್ಲ ಎನ್ನುತ್ತಾರೆ ಬಂದರಿನ ಬಡಗಿಗಳು. ಆ ತೇಗದ ತೊಲೆಯ ಮಟ್ಟಿಗಂತೂ ಅದು ನಿಜವಾಯಿತು.

ಹದಿನೆಂಟನೆಯ ಶತಮಾನದಲ್ಲಿ ಗೋವೆಯಲ್ಲಿ ಕಟ್ಟಿದ ಹಾಯಿಹಡಗಿನ ತೊಲೆ ಅದು. ಹಡಗು ಮಂಗಳೂರಿನ ಅಕ್ಕಿಯನ್ನು ಮಸ್ಕತ್ತಿಗೆ ಒಯ್ದು ಖರ್ಜೂರ ತರುತ್ತಿತ್ತು. ಕೈಯಿಂದ ಕೈಗೆ ಮಾರಾಟವಾಯಿತು. ಒಬ್ಬೊಬ್ಬ ಧಣಿ ಒಂದೊಂದು ಹೆಸರಿಟ್ಟ. ಒಂದು ವರ್ಷ ಸಿಡುಬು ಹತ್ತಿ, ಸತ್ತ ಖಲಾಸಿಗಳನ್ನು ದಾರಿಯುದ್ದಕ್ಕೂ ಕಡಲಿಗೆ ಹಾಕುತ್ತಾ ಬಂತು. ಆಮೇಲೆ ಅದನ್ನು ಹತ್ತಲು ಜನ ಸಿಗಲಿಲ್ಲ. ಉಳ್ಳಾಲದ ಅಳಿವೆಯಲ್ಲಿ ಮರಳಿಗೆಳೆದು ಒಡೆದರು. ತೊಲೆ ಬಂದರಿನ ಗೋದಾಮೊಂದರ ಹೆಂಚಿನ ಮಾಡು ಹೊತ್ತು ನಿಂತಿತು. ಇಷ್ಟನ್ನೂ ಬೆನಿಟಾ ಎಂ.ಎ. ಓದುವಾಗ ಹುಡುಕಿ ತೆಗೆದಿದ್ದಳು. ಮದುವೆಯಾದ ಮೇಲೆ ಗಂಡನಿಗೆ ಕಥೆಯಾಗಿ ಹೇಳಿದ್ದಳು.

ಗಂಡ ರೂಬನ್, ಲಕ್ಷದ್ವೀಪಕ್ಕೆ ಸಾಮಾನು ಒಯ್ಯುವ ಹಾಶಿಂನ ಮರದ ಹಡಗು, ಮಂಜಿಯಲ್ಲಿ ಇಂಜಿನ್ ಡ್ರೈವರ್. ಗೋದಾಮು ಕೆಡವಿದಾಗ ಅವನೇ ತೊಲೆಯನ್ನು ಕೇಳಿ ತಂದು ಮಂಜಿಯ ಕ್ಯಾಬಿನ್ನಿಗೆ ಹಾಕಿಸಿದ. ಹೆಂಚು ಹೊತ್ತದ್ದು ಸಾಕು, ಇನ್ನು ಸ್ವಲ್ಪ ಉಪ್ಪುಗಾಳಿ ಕುಡಿಯಲಿ ಮಾರಾಯ ಎಂದಿದ್ದನಂತೆ.

ಮಳೆಗಾಲಕ್ಕೆ ಮೊದಲಿನ ಕೊನೆಯ ಟ್ರಿಪ್ಪಿನಲ್ಲಿ ಮಂಜಿ ಮುಳುಗಿತು. ಉಳಿದವರನ್ನು ಮೀನುಗಾರರು ಎತ್ತಿ ತಂದರು. ರೂಬನ್ ಬರಲಿಲ್ಲ. ಹೆಣವೂ ಬರಲಿಲ್ಲ.

ಗಂಡ ಸತ್ತರೆ ಹೆಂಡತಿಯ ಕರಿಮಣಿಯನ್ನು ಅತ್ತೆ ತೆಗೆದು ಶವಪೆಟ್ಟಿಗೆಯೊಳಗೆ ಇಡುವುದು ಆ ಮನೆಯ ಪದ್ಧತಿ. ಪೆಟ್ಟಿಗೆಯೇ ಇಲ್ಲದೆ ಎಲ್ಲಿಡುವುದು? ಅತ್ತೆ ವಿನಿಫ್ರೆಡ್ ಬಾಯಿ ಅದನ್ನೇ ಹಿಡಿದು ಕೂತರು. ಇಗರ್ಜಿಯಲ್ಲಿ ಅವನ ಆತ್ಮಕ್ಕೆ ಬರೀ ಪೂಜೆಯಾದರೂ ಇಡೋಣ ಎಂದ ಪಾದ್ರಿಗಳ ಮಾತಿಗೂ ಒಪ್ಪಲಿಲ್ಲ. ಸೊಸೆಯ ಕೊರಳಲ್ಲಿ ಕರಿಮಣಿ ಇರುವ ತನಕ ಮಗ ಯಾವುದೋ ದ್ವೀಪದಲ್ಲಿದ್ದಾನೆ. ಬೆಳಿಗ್ಗೆ ಎದ್ದವರೇ ಅವರು ಮೊದಲು ನೋಡುತ್ತಿದ್ದದ್ದು ಆ ಕೊರಳನ್ನು. ಬೆನಿಟಾ ಅತ್ತಿರಲಿಲ್ಲ. ಸತ್ತನೆಂದು ಅಳುವುದಕ್ಕೆ ಆ ಮನೆಯಲ್ಲಿ ಅಪ್ಪಣೆ ಇರಲಿಲ್ಲ. ಬರಬರುತ್ತಾ ಅಳುವೂ ಬತ್ತಿತು.

ಮಳೆ ಬಿಟ್ಟ ಮೇಲೆ ಹಾಶಿಂ ಫೋನು ಮಾಡಿದ. ತೊಲೆ ಉಳ್ಳಾಲದ ಮರಳಿಗೆ ಬಂದು ಬಿದ್ದಿತ್ತು.

ವಿನಿಫ್ರೆಡ್ ಬಾಯಿ ಸೊಸೆಯೊಡನೆ ಅಲ್ಲಿಗೆ ಹೋಗಿ, ಪಕ್ಕದಲ್ಲಿ ಕೂತು ಅದನ್ನು ಸವರಿದರು. ಹಳೆಯ ಹಡಗಿನ ಮೊಳೆ ಕಿತ್ತ ತೂತುಗಳು. ತುದಿಯಲ್ಲಿ ರೂಬನ್ ಅಂಗಿ ತೂಗಿಸಲು ಹೊಡೆದಿದ್ದ ಕೊಕ್ಕೆ. ತೊಲೆಗೆ ತನ್ನನ್ನೇ ಕಟ್ಟಿಕೊಂಡಂತೆ ಆ ಕೊಕ್ಕೆಗೆ ಸಿಕ್ಕಿಸಿದ್ದ ಅವನ ಸೊಂಟದ ಬೆಲ್ಟು. ಬಕಲ್ ಹಾಕಿಯೇ ಇತ್ತು. ಒಳಗೆ ಯಾರೂ ಇರಲಿಲ್ಲ.



"ಮರ ಇನ್ನೂ ಗಟ್ಟಿ ಉಂಟು ಬಾಯಮ್ಮ," ಎಂದ ಹಾಶಿಂ, ಕಡಲಿನ ಕಡೆ ನೋಡುತ್ತಾ. "ಹೊಸ ಮಂಜಿಗೆ ಬಡಗಿ ಕೇಳ್ತಾನೆ. ನಾನು ಎಂತ ಹೇಳ್ಲಿ?"

"ಕೊಯ್ಸು. ಪೆಟ್ಟಿಗೆ ಮಾಡ್ಸು. ಇದು ಇನ್ನು ಕಡಲಿಗೆ ಇಳಿಯುವುದು ಬೇಡ."

ಆಮೇಲೆ ಸೊಸೆಯ ಕಡೆ ತಿರುಗಿದರು. "ಬಗ್ಗು ಬಾಯ್."

ಬೆನಿಟಾ ಬಗ್ಗಿದಳು. ಕೊಂಡಿ ಬಿಚ್ಚಲು ಆ ಬೆರಳುಗಳಿಗೆ ತುಂಬ ಹೊತ್ತು ಹಿಡಿಯಿತು.

ಪೆಟ್ಟಿಗೆಯೊಳಗೆ ಬೆಲ್ಟು ಮತ್ತು ಕರಿಮಣಿ ಇಟ್ಟರು. ಹೊತ್ತವರು ಮರದ್ದೇ ಭಾರ ಎಂದರು. ಸಿಮಿಟ್ರಿಯಲ್ಲಿ ಮಣ್ಣು ಹಾಕುವಾಗಲೂ ಬೆನಿಟಾಳಿಗೆ ಅಳು ಬರಲಿಲ್ಲ.

ಮರುದಿನ ಬೆಳಿಗ್ಗೆ ಅತ್ತೆ ಎದ್ದು ಬಂದರು. ಎಂದಿನಂತೆ ಅವಳ ಕೊರಳು ನೋಡಿದರು. ಆಗ ಬಂತು.