ಎರಡನೇ ಚರಣದ ನಗು

"ಸ್ವಲ್ಪ ಓರೆ ಮಾಡು, ಓರೆ! ಗೋಡೆಗೆ ತಾಗುತ್ತೆ," ಎಂದು ಕಂಬ ಕೂಗಿದಳು. ಕೀಬೋರ್ಡಿನ ಇನ್ನೊಂದು ತುದಿ ಹಿಡಿದಿದ್ದ ಗುಬ್ಬಿಯ ಮಗಳು ಮೊಣಕಾಲಿನಿಂದ ಬಾಗಿಲು ತಳ್ಳಿದಳು. ಒಳಗೆ, ಬಾಡಿಗೆಗೆ ಹಿಡಿದ ಸಭಾಂಗಣದಲ್ಲಿ, ಗುಬ್ಬಿ ಶವಪೆಟ್ಟಿಗೆಯೊಳಗೆ ಮಲಗಿದ್ದಳು. ಹನ್ನೆರಡಕ್ಕೆ ಅವಳನ್ನು ಒಯ್ಯುವ ವ್ಯಾನು ಬರುವುದಿತ್ತು. ಆಗಲೇ ಹನ್ನೊಂದೂವರೆ.

ಕುಳ್ಳಗಿದ್ದು, ನಿಂತಲ್ಲಿ ನಿಲ್ಲದೆ ಹಾಡುತ್ತಿದ್ದವಳು ಗುಬ್ಬಿ. ಆರಡಿ ಎತ್ತರದ, ಮುಖದ ಒಂದು ಗೆರೆಯೂ ಅಲುಗದಂತೆ ಬಾರಿಸುತ್ತಿದ್ದವಳು ಕಂಬ. ಅಡ್ಡಹೆಸರುಗಳನ್ನು ಊರವರು ಇಡುವ ಮೊದಲು ಅವರೇ ಇಟ್ಟುಕೊಂಡುಬಿಟ್ಟಿದ್ದರು. ಇಪ್ಪತ್ತಾರು ವರ್ಷ 'ಗುಬ್ಬಿ-ಕಂಬ' ಜೋಡಿಗೆ ಮೂರನೆಯವರು ಸೇರಲಿಲ್ಲ. ಡ್ರಮ್ಮಿಲ್ಲ, ಗಿಟಾರಿಲ್ಲ, ಮಿರಿಮಿರಿ ಮಿಂಚುವ ಬಟ್ಟೆಯಂತೂ ಇಲ್ಲವೇ ಇಲ್ಲ.

ಗುಬ್ಬಿಯ ಅಣ್ಣ ಅಡ್ಡ ಬಂದು ನಿಂತ. ರೈಲಿನಲ್ಲಿ ಟಿಕೆಟ್ ತಪಾಸಣೆ ಮಾಡಿ ನಿವೃತ್ತನಾದವನು; ಈಗಲೂ ಎದುರಿಗೆ ಬಂದವರನ್ನೆಲ್ಲ ಟಿಕೆಟ್ಟಿಲ್ಲದವರಂತೆಯೇ ನೋಡುತ್ತಿದ್ದ.

"ಹಾಡೋದು ಖಂಡಿತಾನಾ?"

"ಖಂಡಿತ ಅಣ್ಣ. ಅವಳೇ ಹೇಳಿ ಹೋಗಿದ್ದಾಳೆ."

"ಹಾಡಮ್ಮ, ನಾನು ಬೇಡ ಅನ್ನಲ್ಲ. ಆದ್ರೆ ಎರಡನೇ ಚರಣದಲ್ಲಿ ಆ ನಗು ಮಾತ್ರ ಬೇಡ. ಸತ್ತವರ ಮುಂದೆ ಯಾರಾದ್ರೂ ನಗ್ತಾರಾ? ನೋಡಿದವರು ಏನಂದಾರು?"

"ಮಾವ, ನಗು ಇಲ್ದಿದ್ರೆ ಅದು ಅಮ್ಮನ ಹಾಡೇ ಅಲ್ಲ," ಎಂದಳು ಮಗಳು.

"ನೀನು ಸುಮ್ನಿರೇ. ಅವಳ ಒಂದು ಕಾರ್ಯಕ್ರಮಕ್ಕೂ ನಾನು ಹೋದವನಲ್ಲ. ನಮ್ಮನೆ ಹುಡುಗಿ ಅಷ್ಟು ಜನರ ಮುಂದೆ ಹಲ್ಲು ಕಿರಿಯೋದನ್ನ ನೋಡೋಕೆ ಹೋಗ್ಬೇಕಿತ್ತಾ?"

ಕಂಬ ಕೀಬೋರ್ಡನ್ನು ಇನ್ನಷ್ಟು ಎತ್ತಿ ಹಿಡಿದಳು. "ದಾರಿ ಬಿಡಿ ಅಣ್ಣ, ಕೈ ಸೋಲ್ತಾ ಇದೆ," ಎಂದಳು, ಅಷ್ಟೇ.

* * *

ಇಪ್ಪತ್ತಾರು ವರ್ಷದ ಹಿಂದೆ ಗುಬ್ಬಿ ಲಾಂಡ್ರಿಯಲ್ಲಿ ಇಸ್ತ್ರಿ ಮಾಡುತ್ತಿದ್ದಳು, ಕಂಬ ಹೊಲಿಗೆ ಯಂತ್ರ ರಿಪೇರಿ ಮಾಡುತ್ತಿದ್ದಳು. ಯಾವುದೋ ತಂಡ ಕೈಕೊಟ್ಟಿದ್ದರಿಂದ ರೆಕಾರ್ಡಿಂಗ್ ಸ್ಟುಡಿಯೋ ಇವರಿಗೆ ಒಂದೇ ಒಂದು ಗಂಟೆ ಸಿಕ್ಕಿತು. ಊರವರ ಯಂತ್ರಗಳ ತಿರುಪನ್ನೆಲ್ಲ ಬಿಗಿ ಮಾಡುವ ಮಹಾತಾಯಿ ತಾನು ಕೂತ ಸ್ಟೂಲಿನ ತಿರುಪನ್ನು ನೋಡಿರಲಿಲ್ಲ. ಎರಡನೇ ಚರಣದ ಹೊತ್ತಿಗೆ ಸ್ಟೂಲು ಇಳಿಯತೊಡಗಿತು. ಕಂಬ ಬಾರಿಸುವುದನ್ನು ಬಿಡಲಿಲ್ಲ. ಇಳಿದಳು, ಇಳಿದಳು, ಗಲ್ಲ ಕೀಬೋರ್ಡಿಗೆ ತಾಗುವ ತನಕ ಅದೇ ಗಂಭೀರ ಮುಖದಲ್ಲಿ ಇಳಿದಳು.

ಗುಬ್ಬಿ ನೋಡಿದಳು, ಕೆಟ್ಟಳು. ಸಣ್ಣಗೆ ಶುರುವಾದ ನಗು ಮೇಲಕ್ಕೇರಿ, ಕೊನೆಗೆ ಮೂಗಿನಲ್ಲಿ ಗೊರಕೆಯಂತೆ ಒಡೆಯಿತು. ಅವಳು ನಕ್ಕು ಮುಗಿಸುವವರೆಗೆ ಕಂಬ ಅದೇ ಸ್ವರಗಳನ್ನು ಒತ್ತಿ ಹಿಡಿದಿದ್ದಳು. ಇನ್ನೊಮ್ಮೆ ಹಾಡಲು ಸಮಯವಿರಲಿಲ್ಲ. ಹಾಡು ನಗುವಿನ ಸಮೇತ ರೇಡಿಯೋಗೆ ಹೋಯಿತು. ಆಮೇಲೆ ಕೇಳಬೇಕೇ! "ಆ ನಗೋ ಹಾಡು ಹಾಕಿ" ಎಂದು ಜನ ಮುಗಿಬಿದ್ದರು.

ದೊಡ್ಡ ಕಂಪನಿಯವನೊಬ್ಬ ಬಂದ. ಹಿನ್ನೆಲೆಗೆ ನಲವತ್ತು ಪಿಟೀಲು ಕೊಡುತ್ತೇನೆ, ನಗು ತೆಗೆದು ಹಾಡಿ ಎಂದ. ಗುಬ್ಬಿ, "ನಗು ಬೇಡ್ವಾ? ಹಾಗಾದ್ರೆ ನಾವೂ ಬೇಡ," ಎಂದು ಅವನಿಗೆ ಕಾಫಿ ಕುಡಿಸಿ ಕಳಿಸಿದಳು. ನಾಲ್ಕು ಆಲ್ಬಮ್ ಮಾಡಿದರು. ಶನಿವಾರ ಸಣ್ಣ ಸಣ್ಣ ಸಭಾಂಗಣಗಳಲ್ಲಿ ಹಾಡು, ಸೋಮವಾರ ಮತ್ತೆ ಇಸ್ತ್ರಿ, ಮತ್ತೆ ತಿರುಪು. ಇಬ್ಬರಿಗೂ ಅದೇ ಹಿತವಾಗಿತ್ತು.

ಒಂದೇ ಕಟ್ಟುಪಾಡು: ಸುಳ್ಳು ನಗು ನಗಬಾರದು. ಆದ್ದರಿಂದ ಪ್ರತಿ ಸಲವೂ ಗುಬ್ಬಿಯನ್ನು ನಿಜವಾಗಿ ನಗಿಸುವ ಭಾರ ಕಂಬದ ಮೇಲೆ. ಒಮ್ಮೆ ಜೇಬಿನಿಂದ ಬದನೆಕಾಯಿ ತೆಗೆದು ಕೀಬೋರ್ಡಿನ ಮೇಲಿಟ್ಟಳು. ಒಮ್ಮೆ ಕನ್ನಡಕದ ಮೇಲೆ ಇನ್ನೊಂದು ಕನ್ನಡಕ ಹಾಕಿಕೊಂಡಳು. ಮುಖ ಮಾತ್ರ ಅದೇ ಮುಖ. ಗುಬ್ಬಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು.

* * *

ಆಸ್ಪತ್ರೆಯಲ್ಲಿ ಗುಬ್ಬಿ ಇಷ್ಟೇ ಕೇಳಿದ್ದಳು. "ನನ್ನನ್ನ ಕಳಿಸೋ ದಿನ ಅದನ್ನ ಹಾಡು. ನಗೂನೂ ಬಿಡಬೇಡ."

"ನಂಗೆ ನಗೋಕೆ ಬರಲ್ಲ ಕಣೇ."

"ಇಪ್ಪತ್ತಾರು ವರ್ಷ ನಾನೊಬ್ಳೇ ನಕ್ಕೆ. ಇದೊಂದ್ಸಲ ನೀನು ನಗು. ನಿಜವಾದ್ದೇ ಆಗ್ಬೇಕು ಮತ್ತೆ."

ಮಾತು ಕೊಟ್ಟಾಗಿತ್ತು. ಮೂರು ದಿನ ಕಂಬ ಕನ್ನಡಿಯ ಮುಂದೆ ನಿಂತು ಅಭ್ಯಾಸ ಮಾಡಿದಳು. ಬಂದದ್ದು ಅಳು. ನಗು ಬರಲಿಲ್ಲ.

* * *

ಈಗ ಸಭಾಂಗಣದಲ್ಲಿ ಕಂಬ ಹಾಡುತ್ತಿದ್ದಳು. ಒರಟು ಗಂಟಲು, ಆದರೆ ಶ್ರುತಿ ತಪ್ಪಲಿಲ್ಲ. ಲಾಂಡ್ರಿಯ ಹೆಂಗಸರು ಹಿಂದಿನ ಸಾಲಿನಲ್ಲಿ ತುಟಿ ಅಲುಗಿಸುತ್ತಿದ್ದರು. ಮೊದಲ ಚರಣ ನಿರಾಳವಾಗಿ ದಾಟಿತು. ಎರಡನೆಯದು ಶುರುವಾಯಿತು. ಮುಂದಿನ ಸಾಲಿನಲ್ಲಿ ಅಣ್ಣ ಗಂಟುಮುಖ ಹಾಕಿ, ಬೇಡ ಎಂಬಂತೆ ಒಂದು ಬೆರಳೆತ್ತಿದ.

ಆ ಜಾಗ ಬಂತು. ಕಂಬ ಸ್ವರಗಳನ್ನು ಒತ್ತಿ ಹಿಡಿದು ಬಾಯಿ ತೆರೆದಳು.

ಹೊರಬಿದ್ದದ್ದು ನಗುವಲ್ಲ. ದಾರ ಸಿಕ್ಕಿಕೊಂಡ ಹೊಲಿಗೆ ಯಂತ್ರ ಗರಗರ ಎಂದು, ಕಟ್ ಎಂದು, ನಿಂತುಹೋದಂಥ ಸದ್ದು. ಗೆಳತಿಗೆ ಕೊಟ್ಟ ಒಂದೇ ಒಂದು ಮಾತು, ಅದೂ ಕೆಟ್ಟಿತಲ್ಲ ಎಂದು ಅವಳಿಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಆದರೂ ಹಟಕ್ಕೆ ಬಿದ್ದು, ಮುಖ ಅಲುಗಿಸದೆ ಇನ್ನೊಮ್ಮೆ ಪ್ರಯತ್ನಿಸಿದಳು. ಗರಗರ. ಕಟ್.

ಅಣ್ಣನ ಎತ್ತಿದ ಬೆರಳು ಕೆಳಗಿಳಿಯಿತು. ಹೆಗಲು ಕುಲುಕಿತು. ಪಾಪ, ಅಳುತ್ತಿದ್ದಾನೆ ಎಂದುಕೊಂಡು ಪಕ್ಕದವರು ಅವನ ಬೆನ್ನ ಮೇಲೆ ಕೈಯಿಟ್ಟರು. ಸಣ್ಣಗೆ ಶುರುವಾದದ್ದು ಮೇಲಕ್ಕೇರಿತು, ಮೂಗಿನಲ್ಲಿ ಗೊರಕೆಯಂತೆ ಒಡೆಯಿತು. ಥೇಟ್ ಗುಬ್ಬಿಯದೇ ನಗು. ಮಗಳು ಬೆಚ್ಚಿ ಪೆಟ್ಟಿಗೆಯತ್ತ ತಿರುಗಿದಳು, ಆಮೇಲೆ ಮಾವನತ್ತ.

"ಅಯ್ಯೋ... ಇದೊಂದು ನಗೂನೇನಮ್ಮ!" ಎಂದು ಅವನು ಕರವಸ್ತ್ರದಲ್ಲಿ ಮುಖ ಮುಚ್ಚಿಕೊಂಡ. ತಡೆದಷ್ಟೂ ಉಕ್ಕಿತು. ಕಣ್ಣಲ್ಲಿ ಧಾರಾಕಾರ ನೀರು, ಗಂಟಲಲ್ಲಿ ನಗು.

ಹೊರಗೆ ವ್ಯಾನು ಹಾರ್ನ್ ಹೊಡೆಯಿತು. ಮಗಳು ಬಾಗಿಲಿಗೆ ಹೋಗಿ, ಸ್ವಲ್ಪ ಇರಿ ಎಂದು ಚಾಲಕನಿಗೆ ಕೈ ತೋರಿಸಿದಳು. ಕಂಬ ಬೆರಳು ಎತ್ತಲಿಲ್ಲ. ಮುಂದಿನ ಸಾಲಿಗೆ ಹೋಗಲಿಲ್ಲ. ಅವನು ನಕ್ಕು ಮುಗಿಸಲಿ ಎಂದು, ಅದೇ ಸ್ವರಗಳನ್ನು ಒತ್ತಿ ಹಿಡಿದು ನಿಂತಳು.